ಇಲ್ಲೆಂದ ಹುಡೇವು

2019ರ ಮಾರ್ಚ್ ಹನ್ನೊಂದು, ಸೋಮವಾರ. ಮೋಡವಿರಲಿಲ್ಲ, ಗಾಳಿ ಬೆಳಗಿನಿಂದಲೇ ಬಿಸಿಯಾಗಿತ್ತು. ಎರೆಗುಂದಿಯ ನಡುವೆ ನಿಂತಿರುವ ಹುಡೇವನ್ನು, ಅಂದರೆ ಕಲ್ಲಿನ ಕಾವಲು ಗೋಪುರವನ್ನು ಹತ್ತಿ, ದೂರದಲ್ಲಿ ಧೂಳು ಕಾಣುತ್ತಿದೆ ಎಂದು ಸುಮ್ಮನೆ ಕೂಗಿದೆ. ಕೆಳಗಿದ್ದ ಎಂಬತ್ತರ ಸಂಗಯ್ಯನವರು ಮಂಡಿ ಹಿಡಿದುಕೊಂಡು ನಲವತ್ತೆರಡು ಮೆಟ್ಟಿಲು ಹತ್ತಿ ಬಂದು, ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದರು. "ಹೌದ್ರಿ, ಐತಿ. ಟ್ರ್ಯಾಕ್ಟರ್." ಅಷ್ಟಕ್ಕೆ ಹತ್ತಿ ಬರಬೇಕಿತ್ತೇ ಎಂದೆ. ನೋಡದೆ ಉತ್ತರ ಕೊಡುವ ವಾಡಿಕೆ ಈ ಊರಲ್ಲಿಲ್ಲ ಎಂದು ಅಲ್ಲೇ ಕುಳಿತು, ಗೋಪುರಕ್ಕೆ 'ಇಲ್ಲೆಂದ ಹುಡೇವು' ಎಂಬ ಹೆಸರು ಬಂದ ಬಗೆಯನ್ನು ಹೇಳಿದರು.

ಹಿಂದೆ, ಕುದುರೆ ದಂಡುಗಳು ಸುಗ್ಗಿ ನೋಡಿಕೊಂಡು ಊರು ದೋಚುತ್ತಿದ್ದ ಕಾಲದಲ್ಲಿ, ಸಾಬಣ್ಣನೆಂಬ ಮುದಿ ಕಾವಲುಗಾರ ತನ್ನ ಕೊಂಬನ್ನು ಅಳಿಯ ಅಮಾತೆಪ್ಪನಿಗೆ ಒಪ್ಪಿಸಬೇಕಾಗಿತ್ತಂತೆ. ಕೊಂಬಿನ ದನಿ ಕೇಳಿದರೆ ಹೊಲದಲ್ಲಿದ್ದವರೆಲ್ಲ ಊರಬಾಗಿಲೊಳಗೆ ಓಡಿಬರುವರು. ಹೊಸಬನನ್ನು ಪರೀಕ್ಷಿಸುವ ಪದ್ಧತಿಯೊಂದಿತ್ತು ಎನ್ನುತ್ತಾರೆ: ಅವನಿಗೆ ತಿಳಿಸದೆ ಗಾಡಿಗಳನ್ನು ಓಡಿಸಿ ಧೂಳೆಬ್ಬಿಸುವುದು, ಅವನು ಕಂಡೆನೆಂದರೆ ಊರೆಲ್ಲ ಇಲ್ಲವೆನ್ನುವುದು. ಆದರೂ ತನ್ನ ಕಣ್ಣನ್ನು ನಂಬಿ ಊದಿದವನಿಗೇ ಕೊಂಬು. ಮೊದಲ ದಿನ ಅಮಾತೆಪ್ಪ ಜಗಳಾಡಿದ. "ಅತ್ತಿ ಮನಿ ಹೋಳಿಗಿ ಕಣ್ಣಿಗೆ ಏರೈತಿ" ಎಂದು ಹೆಂಗಸರು ನಕ್ಕರು. ಎರಡನೆಯ ದಿನ ಮತ್ತೆ ಮತ್ತೆ ಕಣ್ಣು ತೊಳೆದುಕೊಂಡ. ಮೂರನೆಯ ದಿನ ಹೆಂಡತಿ ನೀಲವ್ವನನ್ನು ಕರೆದು ತೋರಿಸಿದ; ಅಪ್ಪನ ಮಾತಿಗೆ ಕಟ್ಟುಬಿದ್ದ ಅವಳು ತಲೆ ತಗ್ಗಿಸಿ ಇಲ್ಲವೆಂದಳು. ಆಮೇಲೆ ಅವನು ತನ್ನ ಕೈಬೆರಳುಗಳನ್ನೂ ಮುಟ್ಟಿ ಮುಟ್ಟಿ ಎಣಿಸುತ್ತಿದ್ದನಂತೆ. ಅಲ್ಲಿಗೆ ನಿಲ್ಲಿಸಬೇಕಿತ್ತು. ಅಳಿಯ ಸೋತನೆನ್ನಲು ಸಾಬಣ್ಣನಿಗೆ ನಾಚಿಕೆ. ಇನ್ನೊಂದು ದಿನ ನೋಡೋಣವೆಂದು ಮತ್ತೆ ಗಾಡಿ ಕಳಿಸಿದ.

ಆ ಮಧ್ಯಾಹ್ನ ಮೇಲಿನಿಂದ ದನಿ ಬಂತು. "ಮಾವಾ, ಧೂಳು ಕಾಣಾಕತ್ತೈತಿ. ಒಮ್ಮೆ ಬಂದು ನೋಡ್ರಿ." ತನ್ನ ಗಾಡಿಗಳದೇ ಎಂದುಕೊಂಡ ಸಾಬಣ್ಣ, ಎಲೆ ಅಡಿಕೆ ಜಗಿಯುತ್ತ ಕುಳಿತಲ್ಲಿಂದಲೇ "ಏನೂ ಇಲ್ಲೋ" ಎಂದ.

"ಕುದುರಿ ಅದಾವ್ರಿ, ಮಾವಾ."

"ಇಲ್ಲಂದ್ನೆಲ್ಲ!"

ಅಮಾತೆಪ್ಪ ಕೊಂಬನ್ನು ಗೋಡೆಯ ಗೂಡಿನಲ್ಲಿಟ್ಟ.

ಆ ಗೂಡು ಈಗ ಬರಿದಾಗಿದೆ. ಹತ್ತಿ ಬಂದವರಿಗೆ ಮೊದಲು ಕಾಣುವುದು ಅದೇ. ಊರು ಏನು ಕಳೆದುಕೊಂಡಿತು ಎಂದು ಕೇಳಿದೆ. ಸಂಗಯ್ಯನವರು ಜೋಳದ ಹೊಲದ ಕಡೆ ಕೈ ತೋರಿಸಿದರು. ದಂಡು ಹೊಲಕ್ಕೆ ನುಗ್ಗಿದಾಗ ಕೊಯ್ಲಿಗೆ ಹೋಗಿದ್ದವರೆಲ್ಲ ಹೇಗೋ ಓಡಿ ಬಂದರು. ತುಂಬು ಬಸುರಿ ನೀಲವ್ವ ಓಡಲಾರದೆ ಉಳಿದಳು. ಹೆಣವನ್ನು ಹುಡೇವಿನ ಬುಡಕ್ಕೆ ತಂದು ಮಲಗಿಸಿದಾಗ ಅಮಾತೆಪ್ಪ ಅಳಲಿಲ್ಲವಂತೆ. ಇಳಿದು ಬಂದು ಬಗ್ಗಿ ನೋಡಿದ. ಆಮೇಲೆ ಮಾವನ ಕಡೆ ತಿರುಗಿ ಕೇಳಿದ:

"ಇದೂ ಇಲ್ಲ, ಹೌದಲ್ರಿ ಮಾವಾ?"

ಸಾಬಣ್ಣ ಐತಿ ಎಂದ. ಬದುಕಿರುವತನಕ ದಿನವೂ ಐತಿ ಎಂದ. ಅಳಿಯ ನಂಬಲಿಲ್ಲ.