ಆರದ ತಿಪ್ಪೆ

ಕಗ್ಗಲ್ಲಹಟ್ಟಿಯ ಪಡುವಣಕ್ಕೆ, ಹಳೆಯ ಕುದುರೆಲಾಯದ ಮುರುಕು ಗೋಡೆ ದಾಟಿದರೆ, ಕಲ್ಲಿನ ಕಟ್ಟೆಯೊಳಗೆ ಎದೆಮಟ್ಟದ ಗೊಬ್ಬರದ ರಾಶಿಯೊಂದು ಕಾಣುತ್ತದೆ. ಪಕ್ಕದ ಬೇವಿನ ಬುಡದಲ್ಲಿ ಕುಂಕುಮ ಹಚ್ಚಿದ ಗುಂಡುಕಲ್ಲಿದೆ. ಇದೇ ಆರದ ತಿಪ್ಪೆ. ತಿಪ್ಪೆ ನೋಡಲೂ ಜನ ಬರುತ್ತಾರೆಯೇ ಎಂದು ನಗುವವರು ನಗಲಿ. ಊರಿನ ಮರ್ಯಾದೆಗೆ ಕುಂದು, ಹೆಸರು ಬದಲಿಸೋಣ ಎಂದು ಈಚೆಗೆ ಕೆಲವರು ಹೊರಟಿದ್ದರು. ನಾನಿರುವ ತನಕ ಅದು ಆಗದ ಮಾತು ಎಂದು ಬೈದು ಕಳಿಸಿದೆ.

ಹಿಂದೆ ಒಮ್ಮೆ, ಪಾಳೆಯಗಾರರ ಕಾಲದಲ್ಲಿ, ಈ ಲಾಯದ ಯಜಮಾನನಾಗಿದ್ದವನು ರಾವುತ ಬೊಮ್ಮಣ್ಣ. ಲಾಯಕ್ಕೆ ಅಂಟಿಕೊಂಡೇ ಬೋರವ್ವನೆಂಬ ಗಂಡನಿಲ್ಲದ ಹೆಂಗಸಿನ ಹೊಲವಿತ್ತು. ಬರೀ ಗರಸು ನೆಲ. ಅವಳಿಗೆ ಇದ್ದದ್ದೂ ಅದೊಂದೇ. ಒಂದು ಮುಂಗಾರಿನಲ್ಲಿ ಅವಳು ಲಾಯದ ಹಸಿ ಲದ್ದಿಯನ್ನು ಹೊತ್ತು ತಂದು ಹೊಲಕ್ಕೆಲ್ಲ ಹರಡಿದಳು. ರಾಗಿ ಪೈರು ಸುಟ್ಟು ಕರಕಲಾಯಿತು. ಕುದುರೆ ತಿಂದ ಹುಲ್ಲಿನ ಬೀಜವೆಲ್ಲ ಮೊಳೆತು ಕಳೆ ಮಂಡಿಯುದ್ದ ಎದ್ದಿತು. ಕುದುರೆ ಪಳಗಿಸಲು ಬಯಲು ಹುಡುಕುತ್ತಿದ್ದ ಬೊಮ್ಮಣ್ಣ, ಬೆಳೆಯದ ನೆಲ ನಿನಗೇಕೆ ಎಂದು ಹೊಲದ ಮೇಲೆ ಕಣ್ಣು ಹಾಕಿದ. ಪಾಳೆಯಗಾರನೂ ಹೂಂ ಎಂದನಂತೆ.

ಬೋರವ್ವ ಅತ್ತಳು ನಿಜ, ಆದರೆ ಅಳುತ್ತಾ ಕೂರಲಿಲ್ಲ. ಲಾಯದ ಹಿಂದೆ ಯಾವಾಗಲೋ ಎಸೆದ ಲದ್ದಿ ಕಪ್ಪು ಮಣ್ಣಾಗಿ, ಅದರಲ್ಲಿ ತಾನಾಗಿ ಹುಟ್ಟಿದ ಕುಂಬಳದ ಬಳ್ಳಿ ಸೊಕ್ಕಿ ಹಬ್ಬಿದ್ದನ್ನು ಅವಳು ಕಂಡಿದ್ದಳು. ಲದ್ದಿ ಕೆಟ್ಟದ್ದಲ್ಲ, ತಾನು ಅವಸರಪಟ್ಟೆ ಎಂದು ಅವಳಿಗೆ ಹೊಳೆಯಿತು. ಹೊಲದ ಮೂಲೆಯಲ್ಲಿ ಕಲ್ಲಿನ ಕಟ್ಟೆ ಕಟ್ಟಿ, ಲದ್ದಿಯ ಜೊತೆ ಸೊಪ್ಪುಸದೆ ಸೇರಿಸಿ ಒಟ್ಟಿದಳು. ನೀರು ಚಿಮುಕಿಸಿದಳು, ಗುದ್ದಲಿ ಹಿಡಿದು ಮಗುಚಿದಳು. ರಾಶಿಯಿಂದ ಹಬೆ ಏಳತೊಡಗಿತು.

ಹೊಲ ಬಿಡಿಸಲು ಊರವರೊಡನೆ ಬಂದ ಬೊಮ್ಮಣ್ಣನಿಗೆ ಅವಳು, "ಇದರೊಳಗೆ ಕೈ ಇಟ್ಟು ನೋಡ್ರಿ ರಾವುತ್ರೆ" ಎಂದಳು. ಇಟ್ಟವನು ಹಾ ಎಂದು ಕೈ ಹಿಂದೆಳೆದ. "ನನ್ನ ಪೈರು ಸುಟ್ಟಿದ್ದು ಈ ಕಾವೇ. ಇದು ಆರೋವರೆಗೆ ತಡೀರಿ, ಅಷ್ಟೇ ಕೇಳೋದು." ಲದ್ದಿಯ ಕಾವು ಎಷ್ಟು ದಿನದ್ದು ಎಂದು ನಕ್ಕ ರಾವುತ, "ಆಗಲಿ, ತಿಪ್ಪೆ ಆರೋವರೆಗೆ ಹೊಲ ನಿಂದೇ" ಎಂದು ಊರೆದುರು ಮಾತು ಕೊಟ್ಟ.

ಮುಂದಿನ ಮಳೆಗೆ ರಾಗಿ ಸೊಂಟದೆತ್ತರ ಬೆಳೆಯಿತು ಎನ್ನುತ್ತಾರೆ. ಅದನ್ನು ಕಂಡು ರಾವುತನ ಆಸೆ ಇಮ್ಮಡಿಯಾಯಿತು. ಓಡೋಡಿ ಬಂದು ತಿಪ್ಪೆಗೆ ಕೈ ಇಟ್ಟರೆ ಮತ್ತೆ ಬಿಸಿ. ಬೋರವ್ವ ಒಂದು ಮಗ್ಗುಲಿನಲ್ಲಿ ಆರಿದ ಗೊಬ್ಬರ ತೆಗೆದು ಹೊಲಕ್ಕೆ ಹಾಕುತ್ತಾ, ಇನ್ನೊಂದು ಮಗ್ಗುಲಿಗೆ ಲಾಯದ ಆಳುಗಳು ದಿನವೂ ತಂದು ಕೊಡುವ ಹೊಸ ಲದ್ದಿ ಒಟ್ಟುತ್ತಿದ್ದಳು.

"ಇದು ಮೋಸ ಬೋರವ್ವ" ಎಂದ ರಾವುತ.

"ಲದ್ದಿ ನಿಮ್ಮ ಕುದುರೇದೇ ಅಲ್ವಾ? ಕೊಡೋದು ನಿಲ್ಸಿ, ತಾನಾಗೇ ಆರ್ತದೆ" ಎಂದಳಂತೆ. ನಿಲ್ಲಿಸುವುದಾದರೂ ಹೇಗೆ? ಲಾಯದ ಹಿಂದಿನ ಜಾಗ ಎಂದೋ ತುಂಬಿತ್ತು; ಲದ್ದಿ ಲಾಯದಲ್ಲೇ ಉಳಿದರೆ ನೊಣ ಮುತ್ತುತ್ತವೆ, ಕುದುರೆಗಳ ಗೊರಸು ಕೊಳೆಯುತ್ತದೆ. ಬೊಮ್ಮಣ್ಣ ಲಾಯಕ್ಕೆ ತಿರುಗಿ ಹೋದ. ಮರುದಿನ ಬೆಳಿಗ್ಗೆ ಲದ್ದಿಯ ಬುಟ್ಟಿಗಳು ಎಂದಿನಂತೆ ಬಂದವು.

ಈಗ ಪಾಳೆಯಗಾರನಿಲ್ಲ, ರಾವುತನಿಲ್ಲ, ಲಾಯದಲ್ಲಿ ಜಾಲಿ ಬೆಳೆದಿದೆ. ಪೇಟೆಯಲ್ಲಿ ಮದುವೆ ಮೆರವಣಿಗೆಗೆ ಕುದುರೆ ಸಾಕಿದವರಿಂದ ಬೋರವ್ವನ ಮನೆತನದವರು ಇಂದಿಗೂ ಲದ್ದಿ ತಂದು ಒಟ್ಟುತ್ತಾರೆ. ನೋಡಲು ಬಂದವರು ಮೊದಲು ಮೂಗು ಮುಚ್ಚಿಕೊಳ್ಳುತ್ತಾರೆ, ಆಮೇಲೆ ಹಿಂಜರಿಯುತ್ತಾ ಕೈ ಇಡುತ್ತಾರೆ. "ಅರೆ, ಇನ್ನೂ ಬಿಸಿ ಇದೆ" ಎನ್ನುತ್ತಾರೆ. ಹಾಗಿದ್ದರೆ ಹೊಲ ಇನ್ನೂ ಬೋರವ್ವನದೇ ಎಂದು ನಾವು ಹೇಳುತ್ತೇವೆ.