ವಾರವಾರ ಸಾಯುವ ನಟ

"ಗುರುಗಳೇ, ಹೆಸರಿಲ್ಲದೆ ದುಡಿದದ್ದು ಯಾರಿಗಾದರೂ ಮುಟ್ಟುತ್ತದೆಯೇ?" ಎಂದು ಗಂಧ ತೇಯುತ್ತಿದ್ದ ಶಿಷ್ಯ ಕೇಳಿದ. "ಹಣೆಗೆ ಹಚ್ಚಿಕೊಂಡವರು ತೇದವನು ಯಾರೆಂದು ಕೇಳುವುದಿಲ್ಲ. ನಾಳೆ ಮಠ ಬಿಟ್ಟು ಹೋಗೋಣ ಎನಿಸಿದೆ."

"ಹೋಗುವೆಯಂತೆ. ನನ್ನ ಕತೆ ಕೇಳಲು ಹರಿಯುವ ಹೊಳೆಯೇ ನಿಂತದ್ದುಂಟು, ನೀನು ನಿಲ್ಲಲಾರೆಯಾ?" ಎಂದು ಗುರುಗಳು ಹೇಳತೊಡಗಿದರು.

ಓಣಿಗೊಂದೇ ಟಿ.ವಿ. ಇದ್ದ ಕಾಲ. ಧಾರಾವಾಹಿಗಳಲ್ಲಿ ಒಬ್ಬ ನಟನಿದ್ದ. ನಾಯಕನ ತಂದೆ, ಮುದಿ ಜಡ್ಜ್, ಕ್ಷಯ ಹಿಡಿದ ಮೇಷ್ಟ್ರು, ಯಾವ ವೇಷ ಕೊಟ್ಟರೂ ಬೇಗ ಸಾಯಬೇಕು. ಸಾಯುವುದರಲ್ಲಿ ಅವನಂಥವನು ಮೂರು ಲೋಕದಲ್ಲಿ ಇರಲಿಲ್ಲ. ಅವನು ಕಣ್ಣು ಮುಚ್ಚಿದರೆ ಆಂಟೆನಾಗಳ ಮೇಲೆ ಕಾಗೆಗಳು ಬಂದು ಕೂರುತ್ತಿದ್ದವು. ನೋಡಿದ ಹೆಂಗಸರೆಲ್ಲ ಸೂತಕವೆಂದು ತಲೆಗೆ ನೀರು ಹೊಯ್ದುಕೊಳ್ಳುವುದರಲ್ಲಿ ಬಾವಿಗಳ ತಳ ಕಾಣುತ್ತಿತ್ತು. ಆದರೆ ಕೊನೆಯಲ್ಲಿ ಹೆಸರುಗಳು ಬರುವಷ್ಟರಲ್ಲಿ ಜನ ಎದ್ದು ಹೋಗಿರುತ್ತಿದ್ದರು. ಒಮ್ಮೆಯಾದರೂ ಕೊನೆಯವರೆಗೆ ಬದುಕುವ ಪಾತ್ರ ಸಿಗಲಿ, ಜನ ನನ್ನ ಹೆಸರು ಹಿಡಿದು ಕರೆಯಲಿ ಎಂಬುದೊಂದೇ ಅವನ ಆಸೆ.

ಆ ಪಾತ್ರವೂ ಸಿಕ್ಕಿತು. ನಾಯಕನ ಅಣ್ಣ, ವರ್ಷವಿಡೀ ಬದುಕುವವನು. ಹಿಗ್ಗಿನಿಂದ ಮನೆಗೆ ಹೊರಟವನನ್ನು ಒಬ್ಬ ಮುದುಕಿ ತಡೆದಳು.

"ಹೋಗಿ ಹೋಗಿ ಬರುವವನು ನೀನೇ ಅಲ್ಲವೇನೋ? ಅಲ್ಲಿ ನಮ್ಮ ಯಜಮಾನರನ್ನು ಕಂಡೆಯಾ?"

"ಎಲ್ಲಿ, ಅಜ್ಜಿ?"

"ಸತ್ತವರು ಇರುವ ಕಡೆ. ಹೋದ ತಿಂಗಳೂ ಹೋಗಿ ಬಂದೆಯಲ್ಲ, ಕಣ್ಣಾರೆ ನೋಡಿದ್ದೇನೆ. ಅವರು ಕನ್ನಡಕ ಇಲ್ಲೇ ಬಿಟ್ಟು ಹೋದರು. ಅದಿಲ್ಲದಿದ್ದರೆ ದೀಪದ ಕಂಬಕ್ಕೂ ನಮಸ್ಕಾರ ಹೇಳುವ ಗಂಡಸು. ಹುಡುಕುತ್ತಾ ಅಲೆಯಬೇಡಿ, ನಾನೇ ತರುತ್ತೇನೆ ಎಂದು ಅವರಿಗೆ ಹೇಳಪ್ಪ. ಇನ್ನು ಹೋಗುವುದು ಯಾವಾಗ?"

ನಾನು ಬರೀ ನಟ ಎನ್ನಲು ಅವನು ಬಾಯಿ ತೆರೆದ. ಮುದುಕಿಯ ಸೆರಗಿನ ತುದಿಯಲ್ಲಿ ಗಂಟು ಹಾಕಿದ ಕನ್ನಡಕ ಕಂಡಿತು.

"ಮುಂದಿನ ವಾರ, ಅಜ್ಜಿ" ಎಂದುಬಿಟ್ಟ.

ತಿರುಗಿ ಹೋಗಿ ಅಣ್ಣನ ಪಾತ್ರ ಬಿಟ್ಟುಕೊಟ್ಟ. ಗುಂಡೇಟು ತಿಂದು ಸಾಯುವ ಕಾವಲುಗಾರನ ಪಾತ್ರ ಬೇಡಿದ. "ತಲೆ ಕೆಟ್ಟಿದೆಯೇನಯ್ಯಾ? ವರ್ಷದ ಬದುಕು ಕೊಟ್ಟರೆ ಒಂದು ಗಳಿಗೆಯ ಸಾವು ಕೇಳುತ್ತೀಯಲ್ಲ!" ಎಂದು ನಿರ್ದೇಶಕ ಬೈದ, ಬೈದು ಕೊಟ್ಟ.

ಮರುವಾರ ಓಣಿಯೆಲ್ಲ ಕೂತು ನೋಡಿತು. ಕಾವಲುಗಾರ ನೆಲಕ್ಕೊರಗಿದ. ಕಣ್ಣು ಮುಚ್ಚುವ ಮುನ್ನ ಬರೆದುಕೊಟ್ಟಿರದ ಮಾತೊಂದನ್ನು ಆಡಿದ: "ಕನ್ನಡಕ ಮನೆಯಲ್ಲೇ ಇದೆಯಂತೆ, ಯಜಮಾನರೇ. ಹುಡುಕಬೇಡಿ. ಅವರೇ ತರುತ್ತಾರಂತೆ."

ಆಗ ಪರದೆಯ ತುಂಬ ಬಿಳಿಯ ಚುಕ್ಕಿಗಳು ಉದುರತೊಡಗಿದವು. ಅವುಗಳ ನಡುವೆ ಯಾರೋ ನಿಂತು, ಕಣ್ಣು ಕಿರಿದು ಮಾಡಿ ನೋಡಿ, ತಲೆಯಾಡಿಸಿದಂತಾಯಿತು. ಇಡೀ ಓಣಿಯೇ ಅದನ್ನು ಕಂಡಿತು. ಮುದುಕಿ ಗಂಟನ್ನು ಎದೆಗೊತ್ತಿಕೊಂಡು, ಹಿಂದೆಂದೂ ಇಲ್ಲದ ಹಗುರ ಹೆಜ್ಜೆಯಲ್ಲಿ ಮನೆಗೆ ನಡೆದಳು.

ಶಿಷ್ಯನ ಕೈ ಗಂಧದ ಕಲ್ಲಿನ ಮೇಲೆಯೇ ನಿಂತಿತ್ತು. ಕಣ್ಣು ಒದ್ದೆಯಾಗಿತ್ತು.

ಗುರುಗಳು ಅವನನ್ನೇ ನೋಡಿ ಹೇಳಿದರು: "ಇಷ್ಟು ಹೊತ್ತಾಯಿತು, ಆ ನಟನ ಹೆಸರೇನೆಂದು ನೀನೂ ಕೇಳಲಿಲ್ಲವಲ್ಲ!"