ಬೆಳಕು ತೂರಿದ ಜಾಗ

ಊರಿನ ಬಾವಿಗಳೆಲ್ಲ ಸವುಳಾದವು. ಬೇರೆ ಕಡೆ ಊರು ಕಟ್ಟಬೇಕು, ಜಾಗ ನೀವೇ ತೋರಿಸಿ ಎಂದು ಜನ ಹೊಳೆದಂಡೆಯ ಮಠಕ್ಕೆ ಬಂದರು. ಗುರುಗಳು ಆ ಕೆಲಸವನ್ನು ಶಿಷ್ಯ ಶಂಭುಲಿಂಗನಿಗೆ ಒಪ್ಪಿಸಿದರು.

ಶಂಭುಲಿಂಗ ಬುದ್ಧಿವಂತ. ಅದು ಅವನಿಗೂ ಗೊತ್ತಿತ್ತು.

ಅವನು ಸೀಮೆಯನ್ನೆಲ್ಲ ಸುತ್ತಿ, ಸಿಕ್ಕವರನ್ನೆಲ್ಲ ಕೇಳಿ, ಮೂರು ತೆಳು ಬಟ್ಟೆಗಳ ಮೇಲೆ ಒಂದೇ ಅಳತೆಯಲ್ಲಿ ಅದರ ನಕ್ಷೆ ಬರೆದ. ನೀರು ದೂರವಿದ್ದ ಕಡೆ ಮೊದಲನೆಯದಕ್ಕೆ ಇದ್ದಿಲು ಬಳಿದ. ಕಲ್ಲುನೆಲ ಇದ್ದ ಕಡೆ ಎರಡನೆಯದಕ್ಕೆ. ಯಾರದೋ ಹೊಲ, ದಾರಿ, ಸುಡುಗಾಡು ಇದ್ದ ಕಡೆ ಮೂರನೆಯದಕ್ಕೆ. ಮೂರನ್ನೂ ಒಂದರ ಮೇಲೊಂದು ಇಟ್ಟು ಬಿಸಿಲಿಗೆ ಹಿಡಿದಾಗ ಒಂದೇ ಒಂದು ಕಡೆ ಬೆಳಕು ತೂರಿ ಬಂತು.

ಅದು ಹೊಳೆಯ ತಿರುವಿನಲ್ಲಿದ್ದ ತಗ್ಗು. ಶಂಭುಲಿಂಗ ತನ್ನ ಬೆನ್ನು ತಾನೇ ತಟ್ಟಿಕೊಂಡ. ಅಲ್ಲಿಗೇ ಗಾಡಿ ಹೂಡಿ ಎಂದು ಜನರಿಗೆ ಹೇಳಿ ಕಳಿಸಿ, ಆಮೇಲೆ ಗುರುಗಳಿಗೆ ತೋರಿಸಿದ.

“ನೀರು ಹತ್ರ ಐತ್ರಿ. ಮಣ್ಣು ಬೆಣ್ಣಿಯಂಗ ಮೆತ್ತಗ. ಯಾರದೂ ತಕರಾರಿಲ್ಲ, ಒಂದು ಕಾಲುದಾರೀನೂ ಅಲ್ಲಿಗೆ ಹೋಗೂದಿಲ್ಲ.”

“ಯಾರನ್ನ ಕೇಳಿದಿ?”

“ಈ ಸೀಮ್ಯಾಗ ಇರೋ ಎಲ್ಲಾರ್ನೂ ಕೇಳೀನ್ರಿ.”

“ಇಲ್ಲದವರನ್ನ?”

ಗುರುಗಳ ಮಾತು ಯಾವಾಗಲೂ ಹೀಗೇ ಎಂದುಕೊಂಡು ಅವನು ಬಟ್ಟೆಗಳನ್ನು ಮಡಚಿ ಸೊಂಟಕ್ಕೆ ಸಿಕ್ಕಿಸಿಕೊಂಡ. ಗುರುಗಳು ಮೂಲೆಯಲ್ಲಿದ್ದ ಗುದ್ದಲಿಯನ್ನು ಹೆಗಲಿಗೇರಿಸಿ ಹೊರಟರು.

ಇಬ್ಬರೂ ತಲುಪುವಾಗ ಹೊತ್ತು ಇಳಿದಿತ್ತು. ಗಾಡಿಗಳು ದಿಣ್ಣೆಯ ಮೇಲೇ ನಿಂತಿದ್ದವು. ಎಷ್ಟು ಹೊಡೆದರೂ ಎತ್ತುಗಳು ಕೆಳಗೆ ಇಳಿಯಲೊಲ್ಲವು ಎಂದರು ಜನ. ತಗ್ಗಿನಲ್ಲಿ ಒಂದು ಹಕ್ಕಿಯ ದನಿ ಇರಲಿಲ್ಲ, ಒಂದು ಹುತ್ತ ಇರಲಿಲ್ಲ. ಶಂಭುಲಿಂಗನಿಗೆ ಹೆದರಿಕೆಯಾಯಿತು, ಯಾಕೆಂದು ತಿಳಿಯಲಿಲ್ಲ.

ಹೊನ್ನವ್ವ ಎಂಬ ಬಾಣಂತಿ ಮಾತ್ರ ನಡೆದೇ ಕೆಳಗಿಳಿದು, ಮೂರು ಕಲ್ಲಿನ ಒಲೆ ಹೂಡಿ ಅಂಬಲಿಗೆ ಇಟ್ಟಿದ್ದಳು. ಕೂಸು ಪಕ್ಕದಲ್ಲಿ ಮಲಗಿತ್ತು.

“ನಾ ಏನೂ ಹದ ಮಾಡಲಿಲ್ರಿ ಅಜ್ಜಾರ,” ಎಂದು ಗುರುಗಳಿಗೆ ಹೇಳಿದಳು. “ಕಲ್ಲು ಇಟ್ಟೆ, ತಾವಾಗೇ ಕುಂತ್ವು. ಮೊದಲ ಯಾರೋ ಇಲ್ಲೇ ಒಲಿ ಹೂಡಿದ್ರೇನೋ ಅನ್ನಂಗ.”

ಗುರುಗಳು ಗುದ್ದಲಿಯನ್ನು ಶಿಷ್ಯನ ಕೈಗಿತ್ತರು.

“ಅಗಿ.”

ಶಂಭುಲಿಂಗ ಒಲೆಯ ಮಗ್ಗುಲಲ್ಲೇ ಅಗೆದ. ಮೊಣಕಾಲಾಳ ಹೋಗುವಷ್ಟರಲ್ಲಿ ಗುದ್ದಲಿ ಕಲ್ಲಿಗೆ ತಾಗಿತು. ಮೂರು ಕಲ್ಲು, ನಡುವೆ ಬೂದಿ. ಕಲ್ಲುಗಳ ಮೇಲೆ ಗಡಿಗೆ ಇನ್ನೂ ಕೂತಿತ್ತು, ಬಾಯಿತನಕ ಮಣ್ಣು ತುಂಬಿಕೊಂಡು. ಅದನ್ನು ಇಳಿಸಲು ಯಾರಿಗೂ ಪುರುಸೊತ್ತು ಸಿಕ್ಕಿರಲಿಲ್ಲ.

“ಇನ್ನೂ ಅಗಿ.”

ಅವನು ಗಡಿಗೆಯನ್ನು ಎತ್ತಿ ಗುಂಡಿಯ ದಡಕ್ಕಿಟ್ಟು ಅಗೆದ. ಒಲೆಯ ಕೆಳಗೆ ಅದೇ ಬೆಣ್ಣೆಯಂಥ ಮಣ್ಣು. ಮಣ್ಣಿನ ಕೆಳಗೆ ಮತ್ತೆ ಮೂರು ಕಲ್ಲು, ಮತ್ತೊಂದು ಗಡಿಗೆ. ಪಕ್ಕದಲ್ಲಿ ಎರಡು ಬೆರಳು ತೂರುವಷ್ಟು ಸಣ್ಣ ಬಳೆ. ಕೂಸಿನ ಕೈಯದು.

ಶಂಭುಲಿಂಗ ಮಣ್ಣನ್ನು ಬೆರಳಲ್ಲಿ ತಿಕ್ಕಿ ನೋಡಿದ. ತಾನು ಹೊಗಳಿದ್ದ ಮಣ್ಣು, ಹೊಳೆ ಉಕ್ಕಿ ಬಂದು ಇವರ ಮೇಲೆ ಹಾಕಿಹೋದದ್ದು ಎಂದು ಆಗ ಗೊತ್ತಾಯಿತು. ಇಲ್ಲಿಗೆ ದಾರಿ ಯಾಕಿಲ್ಲ, ತಕರಾರು ಯಾಕಿಲ್ಲ ಎಂಬುದೂ ಗೊತ್ತಾಯಿತು.

ಹೊನ್ನವ್ವ ಆ ಬಳೆ ನೋಡಿದಳು. ಕುದಿಯುತ್ತಿದ್ದ ಗಡಿಗೆಯನ್ನು ಇಳಿಸಿ ಅಲ್ಲೇ ಬಿಟ್ಟು, ಕೂಸನ್ನು ಎತ್ತಿಕೊಂಡು ದಿಣ್ಣೆ ಹತ್ತಿದಳು. ಸ್ವಲ್ಪ ಹೊತ್ತಿಗೆ ಗಾಡಿಗಳು ಹಿಂದಕ್ಕೆ ತಿರುಗುವ ಸದ್ದು ಕೇಳಿತು.

“ಒಂದು ಸಲ ಸರಿ. ಮತ್ತ ಮತ್ತ ಇಲ್ಲಿಗೇ ಯಾಕ ಬಂದು ಒಲಿ ಹೂಡಿದ್ರು, ಗುರುಗಳೇ?” ಎಂದು ಶಂಭುಲಿಂಗ ಕೇಳಿದ.

ಗುರುಗಳು ಅವನಿಂದ ಮೂರು ಬಟ್ಟೆಗಳನ್ನೂ ಇಸಿದುಕೊಂಡು, ಜೋಡಿಸಿ ಮುಳುಗುವ ಸೂರ್ಯನಿಗೆ ಹಿಡಿದರು. ಒಂದೇ ಕಡೆ ಬೆಳಕು ತೂರಿ ಬಂದು ದಡದ ಮೇಲಿದ್ದ ಆ ಹಳೆಯ ಗಡಿಗೆಯ ಮೇಲೆ ಬಿತ್ತು. ಬಟ್ಟೆಗಳನ್ನು ಮಡಚಿ ಶಿಷ್ಯನ ಕೈಗೆ ಕೊಟ್ಟರು.

“ಅವರಿಗೂ ನಿನ್ನಂಥಾ ಜಾಣ ಸಿಕ್ಕಿರಬೇಕಪಾ.”